ಗೈಡ್ ಜೊತೆ ಮೆಕ್ಸಿಕೊದ ಮಾನವಶಾಸ್ತ್ರ ಮ್ಯೂಸಿಯಂ ನೋಡುವುದು ಹೇಗೆ

ಮೆಕ್ಸಿಕೊ ಸಿಟಿಯ ರಾಷ್ಟ್ರೀಯ ಮಾನವಶಾಸ್ತ್ರ ಮ್ಯೂಸಿಯಂಗೆ ನಾನು ಎರಡು ಸಲ ಹೋಗಿದ್ದೇನೆ. ಮೊದಲ ಸಲ ಒಬ್ಬಳೇ, ಗೈಡ್ ಇಲ್ಲದೆ. ಐದು ಗಂಟೆ ಸುತ್ತಿದೆ. ಮುನ್ನೂರು ಫೋಟೊ ಹೊಡೆದೆ. ಸಂಜೆ ರೂಮಿಗೆ ಬಂದು ನೋಡಿದರೆ ಯಾವ ಕಲ್ಲು ಯಾರದು ಅಂತ ಒಂದೂ ನೆನಪಿಲ್ಲ. ಎರಡನೇ ಸಲ ಅಮ್ಮನನ್ನು ಕರೆದುಕೊಂಡು ಹೋದೆ, ಗೈಡ್ ಇಟ್ಟುಕೊಂಡೆ. ಕೆಳಗೆ ನಾಲ್ಕೇ ಹಾಲ್ ನೋಡಿ ಮೇಲಿನ ಮಹಡಿಗೆ ಹತ್ತಿದೆವು. ಅದು ಇವತ್ತಿಗೂ ಕಣ್ಣಿಗೆ ಕಟ್ಟಿದ ಹಾಗಿದೆ. ಅಮೆರಿಕದಲ್ಲಿರುವ ಮಕ್ಕಳ ಮನೆಗೆ ಬಂದು ಅಲ್ಲಿಂದ ಮೆಕ್ಸಿಕೊಗೆ ಹೋಗಿಬರುವ ನಮ್ಮವರು ಈಚೆಗೆ ಕಮ್ಮಿಯೇನಿಲ್ಲ. ಅಂಥವರಿಗಾಗಿ ಇದನ್ನು ಬರೆದಿದ್ದೇನೆ.

ಹೊರಡುವ ಮುಂಚೆ

ಮೊದಲು ವೀಸಾ ವಿಷಯ. ಭಾರತದ ಪಾಸ್‌ಪೋರ್ಟ್ ಇದ್ದವರಿಗೆ ಮೆಕ್ಸಿಕೊ ವೀಸಾ ಬೇಕು. ಆದರೆ ಚಾಲ್ತಿಯಲ್ಲಿರುವ ಅಮೆರಿಕದ ವೀಸಾ ಇದ್ದರೆ ಪ್ರವಾಸಕ್ಕೆ ಬೇರೆ ವೀಸಾ ಮಾಡಿಸಬೇಕಿಲ್ಲ. ಅಪ್ಪ ಅಮ್ಮ ಹತ್ತು ವರ್ಷದ ವಿಸಿಟರ್ ವೀಸಾದಲ್ಲಿ ಬಂದಿದ್ದರೆ ಅದೇ ಸಾಕು. ಟಿಕೆಟ್ ಬುಕ್ ಮಾಡುವ ಮುಂಚೆ ನಿಯಮ ಬದಲಾಗಿದೆಯಾ ಅಂತ ಒಮ್ಮೆ ನೋಡಿಕೊಳ್ಳಿ, ಅಷ್ಟೇ.

ಎರಡನೆಯದು, ಎತ್ತರ. ಮೆಕ್ಸಿಕೊ ಸಿಟಿ ಸಮುದ್ರಮಟ್ಟದಿಂದ ಸುಮಾರು 2,240 ಮೀಟರ್ ಮೇಲಿದೆ. ನಮ್ಮ ಮುಳ್ಳಯ್ಯನಗಿರಿಯ ತುದಿಗಿಂತ ಜಾಸ್ತಿ! ಇಳಿದ ದಿನವೇ ಮ್ಯೂಸಿಯಂಗೆ ಓಡಬೇಡಿ. ವಯಸ್ಸಾದವರಿಗೆ ಮೆಟ್ಟಿಲು ಹತ್ತಿದರೆ ಉಬ್ಬಸ ಬರುತ್ತದೆ, ತಲೆನೋವು ಬರುತ್ತದೆ. ಒಂದು ದಿನ ಸುಮ್ನೆ ಇದ್ದು, ಚೆನ್ನಾಗಿ ನೀರು ಕುಡಿದು ಆಮೇಲೆ ಹೋಗಿ. ನಲ್ಲಿ ನೀರು ಬೇಡ, ಬಾಟಲಿಯದ್ದೇ ಕುಡಿಯಿರಿ.

ಮೂರನೆಯದು, ವಾರ. ಸೋಮವಾರ ಮ್ಯೂಸಿಯಂಗೆ ರಜೆ. ಇದು ನನಗೆ ಗೊತ್ತಾಗಿದ್ದು ಮುಚ್ಚಿದ ಗೇಟಿನ ಮುಂದೆ ನಿಂತ ಮೇಲೆ. ಭಾನುವಾರ ಅಲ್ಲಿನ ಜನರಿಗೆ ಪ್ರವೇಶ ಉಚಿತ. ಅದು ಒಳ್ಳೆಯದೇ, ಆದರೆ ಆ ದಿನ ಒಳಗೆ ನಮ್ಮ ದಸರಾ ವಸ್ತುಪ್ರದರ್ಶನದ ಹಾಗೆ ಜನ. ಗೈಡ್ ಮಾತು ಕಿವಿಗೆ ಬೀಳುವುದಿಲ್ಲ. ಮಂಗಳವಾರದಿಂದ ಗುರುವಾರದೊಳಗೆ, ಬೆಳಿಗ್ಗೆ 9 ಗಂಟೆಗೆ ಬಾಗಿಲು ತೆರೆಯುವಾಗಲೇ ಹೋಗುವುದು ಒಳ್ಳೆಯದು. ಟಿಕೆಟ್ ದರ ಆಗಾಗ ಏರುತ್ತಿರುತ್ತದೆ. ಹಳೆಯ ದರ ನಂಬಬೇಡಿ, ಹೋಗುವ ವಾರ ನೋಡಿಕೊಳ್ಳಿ.

ಮ್ಯೂಸಿಯಂ ಇರುವುದು ಚಪುಲ್ತೆಪೆಕ್ ಪಾರ್ಕಿನಲ್ಲಿ, ಪಸೆಯೊ ದೆ ಲಾ ರಿಫಾರ್ಮಾ ರಸ್ತೆಯ ಮೇಲೆ. ಮೆಟ್ರೊದಲ್ಲಿ ಬಂದರೆ 7ನೇ ಲೈನಿನ ಆಡಿಟೋರಿಯೊ ಅಥವಾ 1ನೇ ಲೈನಿನ ಚಪುಲ್ತೆಪೆಕ್ ಸ್ಟೇಷನ್‌ನಲ್ಲಿ ಇಳಿದು ನಡೆಯಬೇಕು. ಅಮ್ಮನ ಮಂಡಿನೋವಿನ ಕಾರಣ ನಾವು ಟ್ಯಾಕ್ಸಿ ಮಾಡಿದೆವು. ಒಳಗೆ ಬೇಕಾದಷ್ಟು ನಡೆಯುವುದಿದೆ, ಕಾಲನ್ನು ಅದಕ್ಕೇ ಉಳಿಸಿಕೊಳ್ಳಿ.

ಗೈಡ್ ಗೊತ್ತುಮಾಡುವುದು

ಎಡವುವುದು ಜಾಸ್ತಿ ಇಲ್ಲೇ. ನಾನು ಮೊದಲು ಒಂದು ಟೂರ್ ಕಂಪನಿಯ ಪ್ಯಾಕೇಜ್‌ಗೆ ಮುಂಗಡ ಕೊಟ್ಟಿದ್ದೆ. ಹಿಂದಿನ ರಾತ್ರಿ ಕಾರ್ಯಕ್ರಮ ಪಟ್ಟಿ ಓದಿದರೆ ಮ್ಯೂಸಿಯಂಗೆ 40 ನಿಮಿಷ, ಬೆಳ್ಳಿ ಅಂಗಡಿಗೆ ಒಂದೂವರೆ ಗಂಟೆ. ಬಿಟ್ಟುಬಿಟ್ಟೆ. ಮುಂಗಡ ವಾಪಸ್ ಬರಲಿಲ್ಲ. ತಪ್ಪು ನನ್ನದೂ ಹೌದು, ಓದದೆ ದುಡ್ಡು ಕಟ್ಟಿದ್ದೆ.

ಮ್ಯೂಸಿಯಂಗೆ ಮಾತ್ರ ಸೀಮಿತವಾದ, ಚಿಕ್ಕ ಗುಂಪಿನ ಟೂರ್ ಆರಿಸಿಕೊಳ್ಳಿ. ಇಲ್ಲದಿದ್ದರೆ ನಿಮ್ಮ ಮನೆಯವರಿಗಷ್ಟೇ ಒಬ್ಬ ಗೈಡ್ ಇಟ್ಟುಕೊಳ್ಳಿ. ಮೆಕ್ಸಿಕೊದಲ್ಲಿ ಗೈಡ್ ಕೆಲಸಕ್ಕೆ ಪ್ರವಾಸೋದ್ಯಮ ಇಲಾಖೆಯ ಗುರುತಿನ ಚೀಟಿ ಇರುತ್ತದೆ. ಫೋಟೊ ಇರುವ ಆ ಕಾರ್ಡ್ ತೋರಿಸಿ ಅಂತ ಕೇಳಿ. ಕೇಳಿದರೆ ಬೇಜಾರಾಗುವವರು ಬೇಡ.

ಮಾತು ಮುಗಿಸುವ ಮುಂಚೆ ಕೆಲವು ವಿಷಯ ಖಚಿತ ಮಾಡಿಕೊಳ್ಳಿ. ದರ ಇಡೀ ಗುಂಪಿಗಾ, ತಲೆಗಿಷ್ಟು ಅಂತಲಾ? ಪೆಸೊದಲ್ಲಾ, ಡಾಲರ್‌ನಲ್ಲಾ? ಎರಡು ದೇಶದ ದುಡ್ಡಿಗೂ $ ಅನ್ನುವ ಒಂದೇ ಚಿಹ್ನೆ, ಅದಕ್ಕೆ ಈ ಪ್ರಶ್ನೆ ಮುಖ್ಯ. ಪ್ರವೇಶದ ಟಿಕೆಟ್ ಅದರಲ್ಲಿ ಸೇರಿದೆಯಾ? ಎಷ್ಟು ಗಂಟೆ? ಮೇಲಿನ ಮಹಡಿಗೂ ಬರುತ್ತೀರಾ? ಈ ಕೊನೆಯ ಪ್ರಶ್ನೆಯನ್ನು ಮರೆಯಬೇಡಿ. ಬಹಳಷ್ಟು ಟೂರ್‌ಗಳು ಕೆಳಗಿನ ಮಹಡಿಗೇ ಮುಗಿದುಹೋಗುತ್ತವೆ.

ಇನ್ನೊಂದು ವಿಷಯ ನಮ್ಮಂಥವರಿಗೆ. ಮನೆಯ ಹಿರಿಯರಿಗೆ ಇಂಗ್ಲಿಷ್ ಸಲೀಸಿಲ್ಲ ಅಂದರೆ ಅದನ್ನು ಮೊದಲೇ ಗೈಡ್‌ಗೆ ಹೇಳಿ. ನಾನು ಹೇಳಿದ್ದು ಇಷ್ಟೇ: 'ನೀವು ಎರಡು ವಾಕ್ಯ ಹೇಳಿ, ನಿಲ್ಲಿಸಿ, ನಾನು ಅಮ್ಮನಿಗೆ ಕನ್ನಡದಲ್ಲಿ ಹೇಳುತ್ತೇನೆ.' ಅವರು ಖುಷಿಯಿಂದ ಒಪ್ಪಿದರು. ಹೀಗೆ ನಿಧಾನ ಮಾಡಿದ್ದರಿಂದ ನನಗೇ ಲಾಭವಾಯಿತು. ಕನ್ನಡದಲ್ಲಿ ಹೇಳಬೇಕೆಂದರೆ ಮೊದಲು ನನಗೆ ಅರ್ಥ ಆಗಬೇಕಲ್ವಾ? ಸ್ಪ್ಯಾನಿಷ್‌ನಲ್ಲಿ ಒಂದೇ ಮಾತು ಕಲಿತರೂ ಸಾಕು: 'ಮಾಸ್ ದೆಸ್ಪಾಸಿಯೊ, ಪೊರ್ ಫವೋರ್'. ಸ್ವಲ್ಪ ನಿಧಾನ, ದಯವಿಟ್ಟು.

ಗೇಟಿನ ಹೊರಗೇ ಅರ್ಧ ಗಂಟೆ ಇಟ್ಟುಕೊಳ್ಳಿ

ರಿಫಾರ್ಮಾ ರಸ್ತೆಯ ಬದಿಯಲ್ಲೇ ಏಳು ಮೀಟರ್ ಎತ್ತರದ ದೊಡ್ಡ ಕಲ್ಲು ನಿಂತಿದೆ. ಮಳೆಯ ದೇವರು ತ್ಲಾಲೊಕ್ ಅಂತ ಹೆಸರು. ನೀರಿನ ದೇವತೆ ಇರಬಹುದು ಅನ್ನುವವರೂ ಇದ್ದಾರೆ. ತೂಕ ಸುಮಾರು 168 ಟನ್. ಟೂರ್ ಇಲ್ಲಿಂದಲೇ ಶುರುವಾಗಲಿ ಅಂತ ಗೈಡ್‌ಗೆ ಹೇಳಿ.

ಈ ಕಲ್ಲು ಇದ್ದದ್ದು ಕೊವಾತ್ಲಿಂಚಾನ್ ಎಂಬ ಊರಿನ ಪಕ್ಕದ ಹಳ್ಳದಲ್ಲಿ. ಹೊಸ ಮ್ಯೂಸಿಯಂಗೆ ಬೇಕು ಅಂತ ಸರ್ಕಾರ ತೆಗೆದುಕೊಂಡು ಹೋಗಲು ಬಂದಾಗ ಊರವರು ಬಿಡಲಿಲ್ಲ. ಸಾಗಿಸಲು ತಂದ ಗಾಡಿಯನ್ನೇ ಹಾಳು ಮಾಡಿದರು. ಕೊನೆಗೆ ಸೈನ್ಯ ಬಂತು. 1964ರ ಏಪ್ರಿಲ್ 16ರಂದು ಕಲ್ಲು ಹೊರಟಿತು, ರಾತ್ರಿ ರಾಜಧಾನಿಯ ರಸ್ತೆಗಳಲ್ಲಿ ಸಾವಿರಾರು ಜನ ನೋಡಲು ನಿಂತಿದ್ದರು. ಮಳೆಗಾಲ ಅಲ್ಲದಿದ್ದರೂ ಆ ದಿನ ಧೋ ಅಂತ ಮಳೆ ಸುರಿಯಿತಂತೆ. ಮಳೆ ಬರಲಿ ಅಂತ ಕಪ್ಪೆಗಳಿಗೆ ಮದುವೆ ಮಾಡಿಸುವ ಊರಿನವಳು ನಮ್ಮಮ್ಮ. ಈ ಕತೆ ಕೇಳಿ ಅವರಿಗೆ ಆಶ್ಚರ್ಯವೇನೂ ಆಗಲಿಲ್ಲ. 'ಮತ್ತೆ ಸಿಟ್ಟು ಬರಲ್ವೇನೇ ಅವನಿಗೆ' ಅಂದರು. ಆ ಊರಿಗೆ ಆಮೇಲೆ ಒಂದು ಪ್ರತಿಕೃತಿ ಸಿಕ್ಕಿದೆ, ಮೂಲ ಸಿಕ್ಕಿಲ್ಲ. ಮ್ಯೂಸಿಯಂ ಅಂದರೆ ಯಾರದೋ ಊರಿನಿಂದ ತಂದಿಟ್ಟ ವಸ್ತುಗಳು ಅನ್ನುವುದನ್ನು ಒಳಗೆ ಹೋಗುವ ಮುಂಚೆಯೇ ಈ ಕಲ್ಲು ಹೇಳಿಬಿಡುತ್ತದೆ.

ಮ್ಯೂಸಿಯಂ ಎದುರು ಎತ್ತರದ ಕಂಬವೊಂದಿದೆ. ಅಲ್ಲಿ ತೊತೊನಾಕ್ ಎಂಬ ಮೂಲನಿವಾಸಿ ಜನರ ವೊಲಾದೊರೆಸ್, ಅಂದರೆ ಹಾರುವವರ ಆಚರಣೆ, ನಡೆಯುತ್ತಿದ್ದರೆ ನೋಡದೆ ಹೋಗಬೇಡಿ. ಐವರು ಕಂಬ ಹತ್ತುತ್ತಾರೆ. ಒಬ್ಬ ತುದಿಯಲ್ಲೇ ಉಳಿದು ಕೊಳಲು, ಪುಟ್ಟ ಡೋಲು ನುಡಿಸುತ್ತಾನೆ. ಉಳಿದ ನಾಲ್ವರು ಹಗ್ಗ ಕಟ್ಟಿಕೊಂಡು ತಲೆಕೆಳಗಾಗಿ ತೇಲುತ್ತಾ, ಸುತ್ತು ಹಾಕುತ್ತಾ ಇಳಿಯುತ್ತಾರೆ. ಲೆಕ್ಕದ ಪ್ರಕಾರ ಒಬ್ಬೊಬ್ಬರಿಗೆ 13 ಸುತ್ತು, ನಾಲ್ವರದು ಸೇರಿ 52. ಈ 52ನ್ನು ನೆನಪಿಟ್ಟುಕೊಳ್ಳಿ, ಒಳಗೆ ಮತ್ತೆ ಸಿಗುತ್ತದೆ. 2009ರಲ್ಲಿ ಯುನೆಸ್ಕೊ ಇದನ್ನು ಪರಂಪರೆಯ ಪಟ್ಟಿಗೆ ಸೇರಿಸಿತು. ಮುಗಿದ ಮೇಲೆ ಟೋಪಿ ಹಿಡಿದು ಬರುತ್ತಾರೆ, ಅದಕ್ಕೆ ಚಿಲ್ಲರೆ ಇಟ್ಟುಕೊಂಡಿರಿ.

ಒಳಗೆ ಕಾಲಿಟ್ಟ ಮೇಲೆ

ದೊಡ್ಡ ಬ್ಯಾಗ್ ಇದ್ದರೆ ಬಾಗಿಲಲ್ಲೇ ಜಮಾ ಮಾಡಬೇಕು. ಫೋಟೊ ತೆಗೆಯಬಹುದು, ಫ್ಲ್ಯಾಶ್ ಬೇಡ, ಟ್ರೈಪಾಡ್ ಬೇಡ.

ಅಂಗಳಕ್ಕೆ ಬಂದ ತಕ್ಷಣ ತಲೆಯ ಮೇಲೆ ದೊಡ್ಡ ಚಪ್ಪರ. ಇದಕ್ಕೆ ಅಲ್ಲಿನವರು ಪಾರಾಗ್ವಾಸ್ ಅನ್ನುತ್ತಾರೆ, ಅಂದರೆ ಕೊಡೆ. ಸುಮಾರು 82 ಮೀಟರ್ ಉದ್ದ, 54 ಮೀಟರ್ ಅಗಲ. ಕೆಳಗೆ ಇರುವುದು ಒಂದೇ ಕಂಬ! ಕಂಬದ ಸುತ್ತ ಪರದೆಯ ಹಾಗೆ ನೀರು ಬೀಳುತ್ತಿರುತ್ತದೆ. ಹೊರಗೆ ಮಳೆಯ ದೇವರು, ಒಳಗೆ ಕೊಡೆಯಿಂದ ಸುರಿಯುವ ಮಳೆ. ಪೆದ್ರೊ ರಾಮಿರೆಸ್ ವಾಸ್ಕೆಸ್ ಮತ್ತು ಜೊತೆಗಾರರು ಕಟ್ಟಿದ ಈ ಕಟ್ಟಡ 1964ರ ಸೆಪ್ಟೆಂಬರ್ 17ರಂದು ತೆರೆಯಿತು.

ಅಂಗಳದ ಸುತ್ತ ಹಾಲ್‌ಗಳು. ಬಲಗಡೆಯಿಂದ ಶುರುಮಾಡಿದರೆ ಮೊದಲು ಮನುಷ್ಯ ಅಮೆರಿಕ ಖಂಡಕ್ಕೆ ಬಂದ ಕತೆ, ಆಮೇಲೆ ಹಳೆಯ ಹಳ್ಳಿಗಳು, ತೆಯೊತಿವಾಕಾನ್ ಎಂಬ ಪುರಾತನ ನಗರ, ತೊಲ್ತೆಕ್ ಜನ. ಅಂಗಳದ ಕೊನೆಯಲ್ಲಿ, ಬಾಗಿಲಿಗೆ ನೇರ ಎದುರು, ಮೆಶಿಕಾ ಹಾಲ್. ಅಲ್ಲಿಂದ ತಿರುಗಿ ಬರುವಾಗ ವಹಾಕಾ, ಗಲ್ಫ್ ಕರಾವಳಿ, ಮಾಯಾ, ಪಶ್ಚಿಮ ಮತ್ತು ಉತ್ತರ. ಎಲ್ಲವನ್ನೂ ನೋಡುತ್ತೇನೆ ಅನ್ನುವ ಹಠ ಬಿಡಿ. ಪ್ರತಿ ಹಾಲ್‌ನಿಂದಲೂ ಅಂಗಳಕ್ಕೆ ಬರಬಹುದು, ಹಾಗಾಗಿ ಬೇಕಾದ್ದನ್ನು ಮಾತ್ರ ಆರಿಸಿಕೊಳ್ಳುವುದು ಸುಲಭ. ಮೊದಲ ಸಲ ಹೋಗುವವರಿಗೆ ನನ್ನ ಲೆಕ್ಕ ಇದು: ತೆಯೊತಿವಾಕಾನ್ 20 ನಿಮಿಷ, ಮೆಶಿಕಾ ಒಂದು ಗಂಟೆ, ಗಲ್ಫ್ ಕರಾವಳಿ 20 ನಿಮಿಷ, ಮಾಯಾ 40 ನಿಮಿಷ. ನಡುವೆ ಅಂಗಳದಲ್ಲಿ ಕೂತು ಸುಧಾರಿಸಿಕೊಳ್ಳಿ. ಆಮೇಲೆ ಮೇಲೆ ಹತ್ತಿ.

ತೆಯೊತಿವಾಕಾನ್ ಹಾಲ್‌ನಲ್ಲಿ ಗರಿಯುಳ್ಳ ಹಾವಿನ ದೇಗುಲದ ಮುಂಭಾಗವನ್ನು ಹಾಗೇ ಮರುಸೃಷ್ಟಿಸಿದ್ದಾರೆ, ಬಣ್ಣ ಸಮೇತ. ಕೆಂಪು ಕಣ್ಣಿಗೆ ರಾಚುತ್ತದೆ. ಇದನ್ನು ಮೊದಲು ನೋಡುವುದು ಯಾಕೆಂದರೆ, ಮುಂದೆ ನೀವು ನೋಡುವ ಬೂದು ಕಲ್ಲುಗಳಿಗೂ ಒಂದು ಕಾಲಕ್ಕೆ ಬಣ್ಣ ಇತ್ತು. ಆ ಬಣ್ಣವನ್ನು ತಲೆಯಲ್ಲಿ ಹೊತ್ತುಕೊಂಡು ಮುಂದೆ ಹೋಗಿ.

ಮೆಶಿಕಾ ಹಾಲ್: ಎರಡು ಕಲ್ಲು ಸಾಕು

ನಾವು ಅಜ್ಟೆಕ್ ಅನ್ನುವ ಜನ ತಮ್ಮನ್ನು ತಾವು ಕರೆದುಕೊಂಡದ್ದು ಮೆಶಿಕಾ ಅಂತ. ಮೆಕ್ಸಿಕೊ ಹೆಸರು ಬಂದದ್ದೂ ಅದರಿಂದಲೇ. ಅವರ ರಾಜಧಾನಿ ತೆನೊಚ್ತಿತ್ಲಾನ್ ಸರೋವರದ ನಡುವಿನ ನಗರ. 1521ರ ಆಗಸ್ಟ್ 13ರಂದು ಸ್ಪೇನಿನವರ ಕೈಗೆ ಬಿತ್ತು. ಇವತ್ತಿನ ಮೆಕ್ಸಿಕೊ ಸಿಟಿ ನಿಂತಿರುವುದು ಅದರ ಮೇಲೇ.

ಎದುರು ಗೋಡೆಯಲ್ಲಿ ಸೂರ್ಯಶಿಲೆ. ಅಡ್ಡಳತೆ ಸುಮಾರು 3.6 ಮೀಟರ್, ತೂಕ ಸುಮಾರು 24 ಟನ್. 1790ರ ಡಿಸೆಂಬರ್ 17ರಂದು ಊರ ನಡುವಿನ ಸೊಕಾಲೊ ಮೈದಾನದಲ್ಲಿ ಸಿಕ್ಕಿತು. ಆಮೇಲೆ 1885ರವರೆಗೆ ದೊಡ್ಡ ಚರ್ಚಿನ ಗೋಡೆಗೆ ಒರಗಿಕೊಂಡು ಬಿಸಿಲು ಮಳೆಯಲ್ಲಿ ನಿಂತಿತ್ತು. ಎಲ್ಲರೂ ಇದರ ಮುಂದೆ ನಿಂತು ಸೆಲ್ಫಿ ತೆಗೆದು ಹೋಗುತ್ತಾರೆ. ನೀವು ಗೈಡ್‌ಗೆ ಹೇಳಿ, ನಡುವಿನಿಂದ ಹೊರಕ್ಕೆ ಸುತ್ತು ಸುತ್ತಾಗಿ ಓದಿಸಿ ಅಂತ. ನಡುವೆ ನಾಲಿಗೆ ಚಾಚಿದ ಮುಖ. ನಾಲಿಗೆಯೇ ಕಲ್ಲಿನ ಕತ್ತಿ. ಸುತ್ತ ನಾಲ್ಕು ಚೌಕ, ಮುಗಿದುಹೋದ ನಾಲ್ಕು ಲೋಕಗಳು: ಒಂದನ್ನು ಜಾಗ್ವಾರ್ ತಿಂದಿತು, ಇನ್ನೊಂದು ಗಾಳಿಗೆ, ಮತ್ತೊಂದು ಬೆಂಕಿ ಮಳೆಗೆ, ಮಗದೊಂದು ನೀರಿಗೆ ಹೋಯಿತು. ನಾವಿರುವುದು ಐದನೆಯದು. ಅದರಾಚೆಯ ಉಂಗುರದಲ್ಲಿ ಇಪ್ಪತ್ತು ದಿನಗಳ ಗುರುತು: ಮೊಸಳೆ, ಗಾಳಿ, ಮನೆ, ಹಲ್ಲಿ, ಹಾವು, ಸಾವು, ಜಿಂಕೆ, ಮೊಲ... ಹೀಗೆ ಸಾಗಿ ಹೂವಿಗೆ ಮುಗಿಯುತ್ತದೆ.

ಈ 20 ಗುರುತಿಗೆ 13 ಅಂಕಿ ಸೇರಿದರೆ 260 ದಿನದ ಪಂಚಾಂಗ. ಜೊತೆಗೆ 365 ದಿನದ್ದು ಬೇರೆ. ಎರಡೂ ಒಟ್ಟಿಗೆ ಮತ್ತೆ ಮೊದಲಿಗೆ ಬರುವುದು 52 ವರ್ಷಕ್ಕೆ. ಹೊರಗೆ ಕಂಬದಿಂದ ಇಳಿದವರ ಸುತ್ತು ನೆನಪಿದೆಯಾ? ನಮ್ಮ ಪ್ರಭವದಿಂದ ಅಕ್ಷಯದವರೆಗಿನ ಅರವತ್ತು ಸಂವತ್ಸರದ ಚಕ್ರ ಗೊತ್ತಿದ್ದವರಿಗೆ ಇದು ಬೇಗ ತಲೆಗೆ ಹತ್ತುತ್ತದೆ. ಹಾಗಂತ ಇದು ನಮ್ಮಿಂದಲೇ ಹೋಗಿದ್ದು ಅನ್ನುವ ವಾಟ್ಸಾಪ್ ವಾದ ಮಾತ್ರ ಬೇಡ. ಅವರ ಲೆಕ್ಕ ಅವರದು. ಅಂದಹಾಗೆ, ಇದನ್ನು ಕ್ಯಾಲೆಂಡರ್ ಅನ್ನುತ್ತಾರಾದರೂ ಇದನ್ನು ನೋಡಿ ಇವತ್ತು ಯಾವ ದಿನ ಅಂತ ಹೇಳಲಾಗುವುದಿಲ್ಲ.

ಎರಡನೆಯ ಕಲ್ಲು ಕೊವಾತ್ಲಿಕ್ವೆ. ನನಗೆ ಇಡೀ ಮ್ಯೂಸಿಯಂನಲ್ಲಿ ಇದಕ್ಕಿಂತ ದೊಡ್ಡದು ಯಾವುದೂ ಇಲ್ಲ. ಹೆಸರಿನ ಅರ್ಥ ಹಾವಿನ ಲಂಗದವಳು. ದೇವರುಗಳ ತಾಯಿ. ಎತ್ತರ ಎರಡೂವರೆ ಮೀಟರ್‌ಗೂ ಮಿಕ್ಕಿದೆ. ತಲೆ ಇರಬೇಕಾದಲ್ಲಿ ಎರಡು ಹಾವುಗಳು ಮುಖಾಮುಖಿ. ಎರಡೂ ಪಕ್ಕದ ನೋಟ ಸೇರಿ ಎದುರಿನಿಂದ ಒಂದೇ ಮುಖವಾಗಿ ಕಾಣುತ್ತವೆ. ಕೊರಳಲ್ಲಿ ಕೈಗಳ, ಹೃದಯಗಳ ಸರ, ಪದಕವಾಗಿ ಬುರುಡೆ. ಸೊಂಟದಿಂದ ಕೆಳಗೆ ಹೆಣೆದುಕೊಂಡ ಹಾವುಗಳೇ ಬಟ್ಟೆ. ಕಾಲಿಗೆ ಪಂಜ. ಅಮ್ಮ ಇದರ ಮುಂದೆ ತುಂಬ ಹೊತ್ತು ನಿಂತರು. ಹೆದರಿಕೆ ಆಯ್ತಾ ಅಂದೆ. 'ನಮ್ಮ ಚಾಮುಂಡಿಗೂ ರುಂಡಮಾಲೆ ಇಲ್ವೇನೇ? ತಾಯಿಗೆ ಮಕ್ಕಳು ಯಾಕೆ ಹೆದರಬೇಕು' ಅಂದರು.

ಗೈಡ್‌ಗೆ ಈ ಕಲ್ಲಿನ ಅಡಿಯಲ್ಲಿ ಏನಿದೆ ಅಂತ ಕೇಳಿ. ನೆಲಕ್ಕೆ ತಾಗುವ ಭಾಗದಲ್ಲೂ ಕೆತ್ತನೆ ಇದೆ, ಭೂಮಿಯ ದೇವರದ್ದು. ನಿಲ್ಲಿಸಿದ ಮೇಲೆ ಯಾವ ಮನುಷ್ಯನಿಗೂ ಕಾಣುವುದಿಲ್ಲ. ಕೆತ್ತಿದ್ದು ಭೂಮಿ ನೋಡಲಿ ಅಂತಲೋ ಏನೋ. ಆಮೇಲೆ ಇದು ಸಿಕ್ಕ ಕತೆ ಕೇಳಿ. 1790ರ ಆಗಸ್ಟ್ 13ರಂದು, ಅಂದರೆ ನಗರ ಬಿದ್ದ ದಿನವೇ, ಸೊಕಾಲೊದಲ್ಲಿ ನೆಲದಿಂದ ಹೊರಬಂತು. ವಿಶ್ವವಿದ್ಯಾಲಯಕ್ಕೆ ಸಾಗಿಸಿದರು. ಮೂಲನಿವಾಸಿ ಜನ ಮತ್ತೆ ಪೂಜೆ ಶುರುಮಾಡಿಬಿಟ್ಟಾರು ಅನ್ನುವ ಭಯದಿಂದ ಅಲ್ಲೇ ಅಂಗಳದಲ್ಲಿ ಹೂತುಬಿಟ್ಟರು. 1803ರಲ್ಲಿ ಜರ್ಮನಿಯ ವಿಜ್ಞಾನಿ ಹುಂಬೋಲ್ಟ್ ನೋಡಬೇಕು ಅಂದಾಗ ಅಗೆದು ತೋರಿಸಿ ಮತ್ತೆ ಮುಚ್ಚಿದರು!

ಇದೇ ಹಾಲ್‌ನಲ್ಲಿ ತ್ಲತೆಲೊಲ್ಕೊ ಸಂತೆಯ ಪುಟ್ಟ ಮಾದರಿ ಇದೆ. ಮಕ್ಕಳಿದ್ದರೆ ಅವರನ್ನು ಅಲ್ಲಿ ಬಿಡಿ. ಕೋಕೊ ಬೀಜವನ್ನೇ ಚಿಲ್ಲರೆಯಾಗಿ ಬಳಸುತ್ತಿದ್ದ ಸಂತೆ ಅದು. ಹಸಿರು ಗರಿಗಳ ದೊಡ್ಡ ಕಿರೀಟವೂ ಇದೆ. ಅದು 1940ರಲ್ಲಿ ಮಾಡಿದ ಪ್ರತಿಕೃತಿ. ಮೂಲ ವಿಯೆನ್ನಾದಲ್ಲಿದೆ. ಮೆಕ್ಸಿಕೊ ಕೇಳುತ್ತಲೇ ಇದೆ.

ದೊಡ್ಡ ತಲೆ, ಜೇಡ್ ಮುಖವಾಡ

ಗಲ್ಫ್ ಕರಾವಳಿ ಹಾಲ್‌ಗೆ ಹೋಗುವುದು ಓಲ್ಮೆಕ್ ಎಂಬ ಪುರಾತನ ಜನ ಕೆತ್ತಿದ ಕಲ್ಲಿನ ತಲೆಗಾಗಿ. ಸುಮಾರು ಮೂರು ಸಾವಿರ ವರ್ಷ ಹಳೆಯದು. ದಪ್ಪ ತುಟಿ, ಅಗಲ ಮೂಗು, ತಲೆಗೆ ಬಿಗಿಯಾದ ಟೋಪಿ. ಇಂಥ 17 ತಲೆಗಳು ಇದುವರೆಗೆ ಸಿಕ್ಕಿವೆ, ಒಂದರ ಹಾಗೆ ಇನ್ನೊಂದಿಲ್ಲ. ಎತ್ತಿಲ್ಲ, ಕುದುರೆ ಇಲ್ಲ, ಗಾಡಿ ಇಲ್ಲದ ಕಾಲದಲ್ಲಿ ದೂರದ ತುಸ್ತ್ಲಾ ಬೆಟ್ಟದಿಂದ ಈ ಕಲ್ಲು ಬಂತು. ಇದೇ ಪ್ರದೇಶದಲ್ಲಿ ಮುಂದಿನ ಕಾಲದ ಚಕ್ರದ ಮಣ್ಣಿನ ಆಟಿಕೆಗಳು ಸಿಕ್ಕಿವೆ. ಆಟಿಕೆಗೆ ಚಕ್ರ ಮಾಡಿದವರು ಗಾಡಿ ಯಾಕೆ ಮಾಡಲಿಲ್ಲ? ನಮ್ಮ ಗೈಡ್ ನಕ್ಕು ಕೇಳಿದರು, 'ಎಳೆಯುವುದಕ್ಕೆ ಏನಿತ್ತು?'

ಮಾಯಾ ಹಾಲ್‌ನಲ್ಲಿ ಪಾಲೆಂಕೆ ಎಂಬ ಮಾಯಾ ನಗರದ ದೊರೆ ಪಾಕಾಲ್‌ನ ಸಮಾಧಿಯ ಮಾದರಿ ಇದೆ, ಮೆಟ್ಟಿಲಿಳಿದು ನೋಡಬೇಕು. ಹನ್ನೆರಡು ವರ್ಷಕ್ಕೆ ಪಟ್ಟವೇರಿ 683ರಲ್ಲಿ ತೀರಿಕೊಂಡವನು. ದೇಗುಲದ ನೆಲದಡಿ ಕಲ್ಲುಮಣ್ಣು ತುಂಬಿ ಮುಚ್ಚಿದ್ದ ಮೆಟ್ಟಿಲನ್ನು ವರ್ಷಗಟ್ಟಲೆ ಬಿಡಿಸಿ, 1952ರಲ್ಲಿ ಪುರಾತತ್ವಜ್ಞ ಅಲ್ಬೆರ್ತೊ ರೂಸ್ ಸಮಾಧಿಯನ್ನು ತಲುಪಿದರು. ಶವಪೆಟ್ಟಿಗೆಯ ನಿಜವಾದ ಮುಚ್ಚಳ ಪಾಲೆಂಕೆಯಲ್ಲೇ ಇದೆ. ಆದರೆ ಅವನ ಮುಖದ ಮೇಲಿದ್ದ ಜೇಡ್ ತುಂಡುಗಳ ಮುಖವಾಡ ಇಲ್ಲಿನ ಹೆಮ್ಮೆ. 1985ರ ಕ್ರಿಸ್‌ಮಸ್ ರಾತ್ರಿ ಕಳ್ಳರು ಇದರ ಜೊತೆ ನೂರಕ್ಕೂ ಹೆಚ್ಚು ವಸ್ತು ಹೊತ್ತೊಯ್ದರು. ಹೆಚ್ಚಿನವು 1989ರಲ್ಲಿ ವಾಪಸ್ ಸಿಕ್ಕವು. ಮುಚ್ಚಳದ ಮೇಲಿನ ಚಿತ್ರ ರಾಕೆಟ್‌ನಲ್ಲಿ ಕೂತ ಮನುಷ್ಯ ಅಂತ ಗೈಡ್ ಶುರುಮಾಡಿದರೆ ಮೆಲ್ಲಗೆ ಮಾತು ಬದಲಿಸಿ. ಮಾಯಾ ಅಂಕಿ ಓದುವುದನ್ನು ಕಲಿಸಿ ಅನ್ನಿ. ಚುಕ್ಕೆ ಅಂದರೆ ಒಂದು, ಗೆರೆ ಅಂದರೆ ಐದು, ಚಿಪ್ಪಿನಂಥದ್ದು ಸೊನ್ನೆ. ಐದು ನಿಮಿಷದಲ್ಲಿ ಬರುತ್ತದೆ. ಆಮೇಲೆ ಶಾಸನಗಳಲ್ಲಿ ನೀವೇ ಅಂಕಿ ಹುಡುಕಲು ಶುರುಮಾಡುತ್ತೀರಿ.

ಮೇಲೆ ಹತ್ತಲೇಬೇಕು

ಇಷ್ಟೊತ್ತಿಗೆ ಕಾಲು ಸೋತಿರುತ್ತದೆ. ಊಟಕ್ಕೆ ಕೂತುಬಿಡಿ. ಮ್ಯೂಸಿಯಂ ಒಳಗೇ ರೆಸ್ಟೋರೆಂಟ್ ಇದೆ. ಸಸ್ಯಾಹಾರಿಗಳು 'ಸಿನ್ ಕಾರ್ನೆ' (ಮಾಂಸ ಬೇಡ) ಅಂತ ಹೇಳಿದರೆ ಸಾಲದು, 'ಸಿನ್ ಮಾಂತೆಕಾ' (ಹಂದಿ ಕೊಬ್ಬು ಬೇಡ) ಅಂತಲೂ ಹೇಳಬೇಕು. ಅಲ್ಲಿ ಹುರುಳಿಕಾಯಿ ಬೀಜದ ಪಲ್ಯಕ್ಕೂ ಹಂದಿ ಕೊಬ್ಬು ಹಾಕುವುದುಂಟು.

ಊಟ ಆದ ಮೇಲೆ ಮಹಡಿ. ಕೆಳಗೆ ಸಾವಿರಾರು ವರ್ಷದ ಹಿಂದಿನವರು, ಮೇಲೆ ಅವರ ಮಕ್ಕಳು ಮೊಮ್ಮಕ್ಕಳು. ಕಟ್ಟಿದವರ ಯೋಚನೆಯೇ ಅದಾಗಿತ್ತು. ಮೆಕ್ಸಿಕೊ ಸರ್ಕಾರ ಗುರುತಿಸಿರುವ ಮೂಲನಿವಾಸಿ ಭಾಷೆಗಳು 68. ಮೆಶಿಕಾ ಜನ ಆಡುತ್ತಿದ್ದ ನಾವಾತ್ಲ್ ಒಂದನ್ನೇ 16 ಲಕ್ಷಕ್ಕೂ ಹೆಚ್ಚು ಜನ ಇವತ್ತೂ ಆಡುತ್ತಾರೆ. ಕೆಳಗೆ ನಾಲ್ಕು ಹೆಜ್ಜೆ ಇಡಲು ಜಾಗವಿಲ್ಲದಷ್ಟು ಜನ. ಮೇಲೆ ನಾವು ಮೂವರು ಮತ್ತು ಒಬ್ಬ ಕಾವಲುಗಾರ.

ಇಲ್ಲಿ ಗೈಡ್‌ಗಿಂತ ಅಮ್ಮನದೇ ಮಾತು ಜಾಸ್ತಿಯಾಯಿತು. ಸೊಂಟಕ್ಕೆ ಪಟ್ಟಿ ಕಟ್ಟಿಕೊಂಡು ಇನ್ನೊಂದು ತುದಿಯನ್ನು ಕಂಬಕ್ಕೆ ಬಿಗಿದು ನೇಯುವ ಮಗ್ಗ. ಅಡುಗೆಮನೆಯಲ್ಲಿ ಮೂರು ಕಾಲಿನ ಅರೆಯುವ ಕಲ್ಲು, ಅದರ ಮೇಲೆ ಉದ್ದನೆಯ ಗುಂಡು. 'ಇದರಲ್ಲಿ ಏನು ಅರೀತಾರೆ ಕೇಳೇ.' ಮೆಕ್ಕೆಜೋಳ. ಸುಣ್ಣದ ನೀರಲ್ಲಿ ಬೇಯಿಸಿ, ಸಿಪ್ಪೆ ತೆಗೆದು, ನುಣ್ಣಗೆ ಅರೆದು ರೊಟ್ಟಿ ತಟ್ಟುತ್ತಾರೆ. ಸುಣ್ಣ ಅಂದ ಕೂಡಲೇ ಅಮ್ಮ ಮುಖ ಕಿವುಚಿದರು, ಆಮೇಲೆ 'ಎಲೆ ಅಡಿಕೆಗೆ ನಾವೂ ಹಾಕ್ತೀವಲ್ಲ' ಅಂತ ಸುಮ್ಮನಾದರು. ಸೋಮನಾಥಪುರದ ಶಿಲ್ಪಗಳ ಕೈಯಲ್ಲಿ ಜೋಳದ ತೆನೆಯಂಥದ್ದು ಇದೆಯಲ್ಲ, ಅದು ಮೆಕ್ಕೆಜೋಳ ಅಂತ ಕೆಲವು ವಿದ್ವಾಂಸರು, ಅಲ್ಲ ಅಂತ ಬಹಳಷ್ಟು ಜನ ಜಗಳವಾಡಿದ್ದಾರೆ. ನಾನು ಆ ಕತೆ ಹೇಳಿದೆ. ಗೈಡ್ ಫೋನಿನಲ್ಲಿ ಫೋಟೊ ಹುಡುಕಿ ನೋಡಿ, ತಲೆ ಅಲ್ಲಾಡಿಸಿ, 'ದಾಳಿಂಬೆ ಅನ್ನಿಸುತ್ತದೆ' ಅಂದರು.

ಕೊನೆಯ ಹತ್ತು ನಿಮಿಷ ಪದಗಳಿಗೆ ಇಟ್ಟುಕೊಳ್ಳಿ. ನಮ್ಮ ಗೈಡ್‌ನ ಅಜ್ಜಿ ನಾವಾತ್ಲ್ ಆಡುತ್ತಿದ್ದವರಂತೆ. ಚಿಲ್ಲಿ ಅಂದರೆ ಮೆಣಸಿನಕಾಯಿ, ಅದು ನಮ್ಮ ಅಡುಗೆಮನೆಗೆ ಬಂದದ್ದೂ ಅಮೆರಿಕ ಖಂಡದಿಂದಲೇ, ಪೋರ್ಚುಗೀಸರ ಕೈಯಲ್ಲಿ. ತ್ಸಪೊತ್ಲ್ ಅಂದರೆ ಸಿಹಿ ಹಣ್ಣು, ಅದು ಸ್ಪ್ಯಾನಿಷ್‌ಗೆ ಹೋಗಿ ನಮ್ಮ ಸಪೋಟ ಆಯಿತು. ಅಮ್ಮ ಬಿಡಲಿಲ್ಲ, 'ಟಮಾಟೆಗೆ ಏನಂತಾರೆ?' ಅಂದರು. ನಾನು ಗೊತ್ತಿದ್ದವಳ ಹಾಗೆ ತೊಮಾತ್ಲ್ ಅಂದೆ. ಗೈಡ್ ಕೈ ಎತ್ತಿ ತಡೆದರು. ತೊಮಾತ್ಲ್ ಅಂದರೆ ಇಲ್ಲಿ ಸಿಪ್ಪೆಯೊಳಗೆ ಬೆಳೆಯುವ ಹಸಿರು ಕಾಯಿ, ಕೆಂಪು ಹಣ್ಣು ಶಿತೊಮಾತ್ಲ್. ಇಡೀ ಲೋಕ ತಪ್ಪು ಹೆಸರು ಇಟ್ಟುಕೊಂಡು ಸಾರು ಮಾಡುತ್ತಿದೆ ಅಂತ ನಕ್ಕರು. ನಾನು ಅದನ್ನು ಕನ್ನಡಕ್ಕೆ ಹೇಳುವಷ್ಟರಲ್ಲಿ ಅಮ್ಮ ಆ ಹೆಸರನ್ನು ಎರಡು ಸಲ ಮೆಲ್ಲಗೆ ಹೇಳಿಕೊಂಡು ನೋಡಿದ್ದರು.